ನಾಲ್ಕು ಬೆರಳು ಹಿಂದೆ ಬಿದ್ದ ಹೆಜ್ಜೆ

ನೀರಿನ ಡಬ್ಬ ಒಡೆದರೆ ಅರವತ್ತು ಡಾಲರ್. ಆಟಗಾರರು ಕೂರುವ ಡಗೌಟಿನ ಗೋಡೆಯಿಂದ ಫೋನು ಕಿತ್ತರೆ ನೂರ ನಲವತ್ತು. ಬ್ಯಾಟ್ ಇಡುವ ಮರದ ಗೂಡು ಮುರಿದರೆ ತೊಂಬತ್ತು. ಬಟ್ಟೆ ಬದಲಿಸುವ ಕೋಣೆಯ ಬಾಗಿಲಿಗೆ ಗುದ್ದಿದರೆ ಬಾಗಿಲಿಗೆ ಎಪ್ಪತ್ತೈದು; ಗುದ್ದಿದ ಕೈಗೆ ಕ್ಲಬ್ಬು ಹೊಣೆಯಲ್ಲ.

ಮಾರ್ಲೋ ಫೆರಿ ಊರಿನ ಹೆರನ್ಸ್ ಬೇಸ್‌ಬಾಲ್ ತಂಡದ ಕೋಣೆಯಲ್ಲಿ ಈ ಪಟ್ಟಿಯನ್ನು ಟೈಪ್ ಮಾಡಿ ಗೋಡೆಗೆ ಅಂಟಿಸಿದ್ದರು. ಸೋತು ಬಂದ ಇಪ್ಪತ್ತು ವರ್ಷದ ಹುಡುಗರು ಏನನ್ನಾದರೂ ಒಡೆಯದೆ ಸುಮ್ಮನಾಗುವುದಿಲ್ಲ ಎಂಬುದು ಆಫೀಸಿನವರ ಅನುಭವ. ಆದರೆ ಆ ಬೇಸಿಗೆಯಲ್ಲಿ ಅತಿ ಹೆಚ್ಚು ದಂಡ ಕಟ್ಟಿದ್ದು ಹುಡುಗರಲ್ಲ, ಅವರಿಗೆ ಚೆಂಡೆಸೆಯಲು ಕಲಿಸುತ್ತಿದ್ದ ನಲವತ್ತೊಂದು ವರ್ಷದ ಕೋಚ್ ಕರ್ಟ್ ಹಡೆಕ್. ಎರಡು ಡಬ್ಬ, ಒಂದು ಫೋನು, ಮುಕ್ಕಾಲು ಬಾಗಿಲು.

ಪಟ್ಟಿಯ ಕೊನೆಯ ಸಾಲನ್ನು ಮಾತ್ರ ದಪ್ಪ ಪೆನ್ನಿನಲ್ಲಿ ಕೈಯಿಂದ ಬರೆದಿದ್ದರು: "ದಿಬ್ಬಕ್ಕೆ ಒದ್ದವರು ದುಡ್ಡು ಕಟ್ಟಬೇಕಾಗಿಲ್ಲ. ನನ್ನ ಕೈಗೆ ಸಿಕ್ಕರೆ ಸಾಕು. ಲೊರೆಟಾ."

ಲೊರೆಟಾ ಬೀಮ್ ಆ ಮೈದಾನದ ಉಸ್ತುವಾರಿ. ಹುಲ್ಲು, ಮಣ್ಣು, ಸುಣ್ಣದ ಗೆರೆ, ಮಳೆಗೆ ಹೊದಿಸುವ ಟಾರ್ಪಾಲು ಎಲ್ಲವೂ ಅವಳ ಕೆಳಗೆ. ಅವಳಿಗಿಂತ ಮುಂಚೆ ಅವಳಪ್ಪ ನೋಡಿಕೊಳ್ಳುತ್ತಿದ್ದ. ಉಳಿದದ್ದೆಲ್ಲ ಒಂದು ತೂಕವಾದರೆ ನಡುವಿನ ಜೇಡಿಮಣ್ಣಿನ ದಿಬ್ಬ ಇನ್ನೊಂದು ತೂಕ. ಹತ್ತು ಇಂಚು ಎತ್ತರ, ನೆತ್ತಿಯ ಮೇಲೆ ಒಂದು ಬಿಳಿ ರಬ್ಬರ್ ಪಟ್ಟಿ. ಪಿಚರ್ ಆ ಪಟ್ಟಿಗೆ ಹಿಂಗಾಲು ಒತ್ತಿ, ಮುಂಗಾಲನ್ನು ಇಳಿಜಾರಿನಲ್ಲಿ ಊರಿ, ಬ್ಯಾಟರ್ ಕಡೆಗೆ ಚೆಂಡೆಸೆಯುತ್ತಾನೆ. ನೂರು ಸಲ ಎಸೆದರೆ ಮುಂಗಾಲು ಬಿದ್ದಲ್ಲಿ ಒಂದು ಗುಳಿ. ಅದಕ್ಕೆ ಒದ್ದೆ ಜೇಡಿ ತುಂಬಿ, ದಿಮ್ಮಸಿನಿಂದ ಬಡಿದು ಗಟ್ಟಿ ಮಾಡುವುದು ಲೊರೆಟಾಳ ಕೆಲಸ.

ಶುಕ್ರವಾರ ಬೆಳಗ್ಗೆ ಅವಳು ಮಂಡಿಯೂರಿ ಅದನ್ನೇ ಮಾಡುತ್ತಿದ್ದಾಗ ಮೇಲೆ ಕರ್ಟ್‌ನ ನೆರಳು ಬಿತ್ತು.

"ಇದು ದಿಬ್ಬಾನಾ, ಹಂದಿ ಹೊರಳಾಡಿದ ಜಾಗಾನಾ?"

"ಹಂದಿ ಯಾವುದು ಅಂತ ನಿನ್ನೆ ಮೂರು ಸಾವಿರ ಜನ ನೋಡಿದಾರೆ," ಎಂದಳು ಲೊರೆಟಾ, ತಲೆಯೆತ್ತದೆ. "ಅಂಪೈರ್ ಮೇಲೆ ಕೋಪ ಬಂದ್ರೆ ಅಂಪೈರ್‌ನ ಒದಿ. ನನ್ನ ಜೇಡಿ ನಿಂಗೇನು ಮಾಡಿತ್ತು?"

"ಅಂಪೈರ್‌ನ ಒದ್ರೆ ಹತ್ತು ಆಟ ಹೊರಗೆ ಕೂರಿಸ್ತಾರೆ."

"ನನ್ನ ದಿಬ್ಬ ಒದ್ರೆ ಮನೆಗೇ ಕಳಿಸ್ತೀನಿ."

"ಯಾರ ಮನೆಗೆ?"

ಲೊರೆಟಾ ಈಗ ತಲೆಯೆತ್ತಿದಳು. ಕರ್ಟ್‌ನ ಮುಖ ಎಂದಿನಂತೆ ಗಂಟು. ತುಟಿಯ ಮೇಲೆ ಸೂರ್ಯಕಾಂತಿ ಬೀಜದ ಸಿಪ್ಪೆ ಅಂಟಿತ್ತು. ಆದರೆ ಟೋಪಿಯ ಅಂಚಿನ ಕೆಳಗಿನ ಕಣ್ಣು ಅವಳ ಕತ್ತಿನ ಮೇಲೆ ಒಣಗಿದ್ದ ಮಣ್ಣಿನ ಚುಕ್ಕೆಯಲ್ಲಿ ಸಿಕ್ಕಿಕೊಂಡು, ಹೊರಬರಲಾರದೆ ಒದ್ದಾಡುತ್ತಿತ್ತು.

"ಏನು ನೋಡ್ತಿದೀಯ?"

"ಮಣ್ಣು."

"ದಿಬ್ಬ ಕೆಳಗಿದೆ."

"ಗೊತ್ತು," ಎಂದು ಗದರಿ, ಅವನು ಬೇಲಿಯ ಕಡೆಗೆ ದಾಪುಗಾಲು ಹಾಕಿದ.

ಇವರಿಬ್ಬರ ಜಗಳಕ್ಕೆ ಎರಡು ವರ್ಷ ವಯಸ್ಸು. ಅವನು ಕೋಚ್ ಆಗಿ ಈ ಊರಿಗೆ ಮರಳಿದ ದಿನವೇ ದಿಬ್ಬದ ಇಳಿಜಾರು ಹೆಚ್ಚಾಯಿತೆಂದು ಕೂಗಾಡಿದ್ದ. ಅವಳು ಮಟ್ಟದ ಕೋಲು ತಂದು ಅವನೆದುರಿಗೇ ಅಳೆದು ಬಾಯಿ ಮುಚ್ಚಿಸಿದ್ದಳು. ಅಂದಿನಿಂದ ದಿನಕ್ಕೊಂದು ಜಗಳ. ಜಗಳ ಮುಗಿದ ಮೇಲೆ ಒಂದೇ ಬೆಂಚಿನ ಎರಡು ತುದಿಯಲ್ಲಿ ಊಟ. ಈ ಬೇಸಿಗೆಯಲ್ಲಿ ಆ ತುದಿಗಳು ಒಂದಿಷ್ಟು ಹತ್ತಿರ ಸರಿದಿದ್ದವು. ಬಾಯಿಬಿಟ್ಟು ಯಾರೂ ಏನೂ ಅಂದಿರಲಿಲ್ಲ.

ಬೇಲಿಯಾಚೆಯ ಅಭ್ಯಾಸದ ದಿಬ್ಬದ ಮೇಲೆ ಪೆಗೇರೊ ಎಸೆಯುತ್ತಿದ್ದ. ಡೊಮಿನಿಕನ್ ರಿಪಬ್ಲಿಕ್‌ನಿಂದ ಬಂದ, ಇಪ್ಪತ್ತು ವರ್ಷದ, ಬಿದಿರಿನಂಥ ಹುಡುಗ. ಚೆಂಡು ಅವನ ಕೈಬಿಟ್ಟರೆ ಎದುರು ಕೂತು ಹಿಡಿಯುವ ಕ್ಯಾಚರ್‌ನ ಗವಸಿನಲ್ಲಿ ಬಂದೂಕಿನ ಸದ್ದು. ಮೂವತ್ತು ಎಸೆತ ಮುಗಿಸಿ ಅವನು ಹೋದ ಮೇಲೆ ಲೊರೆಟಾ ಸಲಿಕೆ ಹಿಡಿದು ಗುಳಿ ತುಂಬಲು ಹೋದಳು.

ಆ ಸಲಿಕೆಯ ಹಿಡಿಯ ಮೇಲೆ ಚಾಕುವಿನಿಂದ ಕೊರೆದ ಗೆರೆಗಳಿದ್ದವು. ಅಪ್ಪ ಶುರುಮಾಡಿದ ಅಭ್ಯಾಸ: ಒಬ್ಬೊಬ್ಬ ಪಿಚರ್‌ಗೂ ಒಂದು ಗೆರೆ, ಬಿಳಿ ಪಟ್ಟಿಯಿಂದ ಅವನ ಮುಂಗಾಲು ಬೀಳುವ ದೂರ. ಎಲ್ಲಿ ಗಟ್ಟಿ ಜೇಡಿ ಹಾಕಬೇಕೆಂದು ತಿಳಿಯಲಿಕ್ಕೆ ಅಷ್ಟೆ. ಆದರೆ ವರ್ಷಗಟ್ಟಲೆ ಗುಳಿ ತುಂಬಿದವರಿಗೆ ಇನ್ನೊಂದು ಸಂಗತಿಯೂ ತಿಳಿಯುತ್ತದೆ. ತೋಳು ನೋಯುತ್ತಿರುವ ಪಿಚರ್ ಡಾಕ್ಟರಿಗೆ ಸುಳ್ಳು ಹೇಳುತ್ತಾನೆ, ಕೋಚ್‌ಗೆ ಸುಳ್ಳು ಹೇಳುತ್ತಾನೆ, ಅವ್ವನಿಗೆ ಫೋನಿನಲ್ಲಿ ಸುಳ್ಳು ಹೇಳುತ್ತಾನೆ. ಅವನ ಮೈ ಮಾತ್ರ ಅವನನ್ನು ಕೇಳದೆ ತನ್ನನ್ನು ತಾನು ಕಾಪಾಡಿಕೊಳ್ಳುತ್ತದೆ. ಹೆಜ್ಜೆ ಚಿಕ್ಕದಾಗುತ್ತದೆ.

ಪೆಗೇರೊನ ಗುಳಿ ಅವನ ಗೆರೆಗಿಂತ ಎರಡು ಬೆರಳು ಹಿಂದೆ ಇತ್ತು.

ಹೊಸ ಬೂಟು ಇರಬಹುದು, ಎಂದುಕೊಂಡಳು. ಇಂದು ಮೆಲ್ಲಗೆ ಎಸೆದಿರಬಹುದು. ಹಾಗೆ ಅಂದುಕೊಳ್ಳಲು ಅವಳಿಗೆ ಕಾರಣವಿತ್ತು, ಆ ಕಾರಣದ ಮೇಲೆ ಅವಳಿಗೇ ಸಿಟ್ಟಿತ್ತು.

ಹತ್ತೊಂಬತ್ತು ವರ್ಷದ ಹಿಂದೆ ಇದೇ ಮೈದಾನದಲ್ಲಿ ಕರ್ಟ್ ಹಡೆಕ್ ಪಿಚರ್. ಇಪ್ಪತ್ತೆರಡು ವರ್ಷ, ನಗುತ್ತಿದ್ದ ಮುಖ. ಹತ್ತೊಂಬತ್ತರ ಲೊರೆಟಾ ಅಪ್ಪನ ಕೈಕೆಳಗೆ ಮಣ್ಣು ಹೊರುತ್ತಿದ್ದಳು. ಆ ಜುಲೈನಲ್ಲಿ ಇಬ್ಬರೂ ಮೂರು ಸಲ ನದಿ ದಂಡೆಯಲ್ಲಿ ಜೋಳದ ತೆನೆ ಸುಟ್ಟು ತಿಂದಿದ್ದರು, ಒಂದು ಸಲ ಮುತ್ತಿಟ್ಟುಕೊಂಡಿದ್ದರು. ಆಗಸ್ಟಿನಲ್ಲಿ ಅವನ ಗುಳಿ ಹಿಂದೆ ಸರಿಯತೊಡಗಿತು. ಒಂದು ಬೆರಳು, ಎರಡು ಬೆರಳು. ದೊಡ್ಡ ಲೀಗಿನವರು ಅವನನ್ನು ನೋಡಲು ಬಂದ ದಿನ ನಾಲ್ಕು ಬೆರಳು.

ಅವಳು ಹೇಳಲು ಹೊರಟಳು. ಅಪ್ಪ ರಟ್ಟೆ ಹಿಡಿದು ನಿಲ್ಲಿಸಿದ. ಎಸೆಯುವ ದಿನ ಪಿಚರ್ ಹತ್ತಿರ ಯಾರೂ ಮಾತಾಡಬಾರದು. ಬೇಸ್‌ಬಾಲಿನಲ್ಲಿ ಹುಟ್ಟಿ ಬೆಳೆದ ಮಗುವಿಗೂ ಇದು ಗೊತ್ತು. ಜೊತೆಯವರು ಅವನ ಪಕ್ಕ ಕೂರುವುದಿಲ್ಲ, ಹೆಂಡತಿಯಾದವಳು ಬೇಲಿಯಾಚೆಯಿಂದ ಕೈ ಕೂಡ ಬೀಸುವುದಿಲ್ಲ. ಅಂಥ ದಿನ ಮಣ್ಣು ಹೊರುವ ಹುಡುಗಿ ಹೋಗಿ ಏನು ಹೇಳುವುದು? ಅವಳು ಬಾಯಿ ಮುಚ್ಚಿಕೊಂಡಳು. ಒಂಬತ್ತು ಇನ್ನಿಂಗ್ಸಿನ ಆಟದ ಆರನೆಯದರಲ್ಲಿ ಕರ್ಟ್‌ನ ಮೊಣಕೈಯ ಮೂಳೆಗಳನ್ನು ಕಟ್ಟಿಹಿಡಿದ ನಾರು ಕಿತ್ತುಬಂತು. ಆಮೇಲೆ ಐದು ವರ್ಷ ಅವನು ಇನ್ನೂ ಚಿಕ್ಕ ಊರುಗಳಲ್ಲಿ, ಮೆಕ್ಸಿಕೋದಲ್ಲಿ, ಅರ್ಧ ವೇಗದ ಚೆಂಡೆಸೆದು ಹೊಟ್ಟೆ ಹೊರೆದ. ಒಂದು ಮದುವೆ ಮಾಡಿಕೊಂಡು ಕಳೆದುಕೊಂಡ. ಆಮೇಲೆ ಕೋಚ್ ಆದ. ಲೊರೆಟಾ ಕೂಡ ದೋಣಿ ಎಂಜಿನ್ ರಿಪೇರಿಯವನೊಬ್ಬನನ್ನು ಮದುವೆಯಾಗಿ ಆರು ವರ್ಷಕ್ಕೆ ಬಿಟ್ಟಿದ್ದಳು.

ತಾನು ಕಂಡಿದ್ದೆ ಎಂದು ಅವಳು ಯಾರಿಗೂ ಹೇಳಿರಲಿಲ್ಲ.

*

ಮಧ್ಯಾಹ್ನ ಬೆಂಚಿನ ಮೇಲೆ ಕರ್ಟ್ ಎರಡು ಪೊಟ್ಟಣ ಇಟ್ಟ. ಬನ್ನಿಗಿಂತ ಮೂರು ಪಟ್ಟು ಅಗಲದ, ಕರಿದ ಹಂದಿಮಾಂಸದ ತುಂಡು. ಅವಳದಕ್ಕೆ ಉಪ್ಪಿನಕಾಯಿ ಹೆಚ್ಚು. ಅವಳಿಗೆ ಹಾಗೇ ಇಷ್ಟವೆಂದು ಅವನಿಗೆ ಯಾರೂ ಹೇಳಿರಲಿಲ್ಲ.

"ಭಾನುವಾರ ಮೇಲಿನ ತಂಡಕ್ಕೆ ಹುಡುಗರನ್ನ ಆರಿಸೋ ಬ್ಯಾನಿಸ್ಟರ್ ಬರ್ತಿದಾನೆ," ಎಂದ ಕರ್ಟ್. "ಪೆಗೇರೊ ಏಳು ಇನ್ನಿಂಗ್ಸ್ ಎಸೆದ್ರೆ ಮಂಗಳವಾರ ವಿಮಾನ ಹತ್ತಿಸ್ತಾರೆ. ಅವನು ಅಲ್ಲಿ ನಿಂತ್ರೆ ಮುಂದಿನ ವರ್ಷ ನಾನೂ ಅಲ್ಲೇ. ದೊಡ್ಡ ಲೀಗಿನ ಕೋಚ್. ಬ್ಯಾನಿಸ್ಟರ್ ಮಾತು ಕೊಟ್ಟಿದಾನೆ."

ಲೊರೆಟಾ ಕೈಯಲ್ಲಿದ್ದ ಬನ್ನನ್ನು ಕಾಗದದ ಮೇಲೆ ಇಟ್ಟಳು. "ಒಳ್ಳೇದಾಯ್ತು."

"ಅಲ್ಲೂ ಮೈದಾನ ಇದೆ."

"ಇಲ್ದೆ ಇರುತ್ತಾ?"

"ಅಲ್ಲೂ ಮಣ್ಣಿದೆ. ಹುಲ್ಲಿದೆ. ಸಂಬಳ ಇಲ್ಲಿಗಿಂತ ಜಾಸ್ತಿ."

"ಕರ್ಟ್, ಏನು ಹೇಳ್ಬೇಕೋ ನೆಟ್ಟಗೆ ಹೇಳು."

"ಹೇಳ್ತಾನೇ ಇದೀನಲ್ಲ! ಕಿವಿ ಇಲ್ವಾ ನಿಂಗೆ? ಬರ್ತೀಯಾ ಅಂತ ಕೇಳ್ತಿದೀನಿ!"

ಟಿಕೆಟ್ ಕಿಂಡಿಯ ಮುದುಕಿ ತಲೆ ಹೊರಹಾಕಿ ನೋಡಿದಳು.

"ಅಯ್ಯೋ ದೇವರೇ," ಎಂದಳು ಲೊರೆಟಾ. "ಮದುವೆ ಆಗು ಅನ್ನೋದನ್ನ ಹಿಂಗೆ ಬೈದು ಕೇಳಿದವನನ್ನ ನಾನು ಕಂಡಿಲ್ಲ."

"ಮದುವೆ ಅಂತ ನಾನೆಲ್ಲಿ ಅಂದೆ?"

"ಅನ್ಲಿಲ್ವಾ?"

"ಅನ್ನೋಕೆ ನೀನು ಬಿಟ್ರೆ ತಾನೇ!" ಅವನ ಕಿವಿ ಕೆಂಪಾಗಿತ್ತು. ಕಾಗದವನ್ನು ಉಂಡೆ ಮಾಡಿ ಕಸದ ಡಬ್ಬಕ್ಕೆ ಎಸೆದ. ಅಷ್ಟು ಹತ್ತಿರದಿಂದ ಗುರಿ ತಪ್ಪಿತು. ಎದ್ದು ಹೋಗಿ ಎತ್ತಿ ಹಾಕಿ ಬಂದ. ಈ ಸಲ ದನಿ ತಗ್ಗಿತ್ತು. "ನೋಡು ಲೊರೆಟಾ. ಆ ವರ್ಷ ನನ್ನ ತೋಳು ಹೋಗ್ತಿರೋದನ್ನ ಯಾರೋ ಒಬ್ಬರಾದ್ರೂ ಕಂಡಿರ್ತಾರೆ. ಡಾಕ್ಟರೋ, ಕ್ಯಾಚರೋ, ಮ್ಯಾನೇಜರೋ. ಕಂಡೂ ಸುಮ್ಮನಿದ್ರು. ಅವರು ಯಾರು ಅಂತ ಗೊತ್ತಾದ್ರೆ ಇವತ್ತಿಗೂ ಕತ್ತು ಹಿಸುಕ್ತೀನಿ. ಇಷ್ಟು ವರ್ಷ ಯಾರನ್ನೂ ನಂಬಿಲ್ಲ ನಾನು. ಮುಖಕ್ಕೆ ಹೊಡೆದ ಹಂಗೆ ನಿಜ ಹೇಳೋಳು ನೀನೊಬ್ಬಳೇ."

ಲೊರೆಟಾ ತನ್ನ ಉಗುರಿನೊಳಗಿನ ಜೇಡಿಯನ್ನು ನೋಡುತ್ತ ಕೂತಳು.

"ಭಾನುವಾರದ ಆಟ ಮುಗೀಲಿ," ಎಂದಳು. "ಆಮೇಲೆ ಹೇಳ್ತೀನಿ."

"ಅದಕ್ಕೂ ಆಟಕ್ಕೂ ಏನು ಸಂಬಂಧ?"

"ಮುಗೀಲಿ ಅಂದ್ನಲ್ಲ!"

"ಕೂಗ್ಬೇಡ!"

"ಕೂಗ್ತಿರೋದು ಯಾರು?"

*

ಭಾನುವಾರದ ಆಟ ಮಧ್ಯಾಹ್ನ ಒಂದು ಗಂಟೆಗೆ. ನದಿಯ ಕಡೆಯಿಂದ ಬಿಸಿಗಾಳಿ. ಹನ್ನೆರಡೂ ಮುಕ್ಕಾಲಿಗೆ ಪೆಗೇರೊ ಅಭ್ಯಾಸದ ದಿಬ್ಬದಲ್ಲಿ ತೋಳು ಬಿಸಿ ಮಾಡಿಕೊಂಡು ಡಗೌಟಿಗೆ ನಡೆದ. ಲೊರೆಟಾ ಸಲಿಕೆಯ ಹಿಡಿಯನ್ನು ಬಿಳಿ ಪಟ್ಟಿಗೆ ತಾಗಿಸಿ ಮಲಗಿಸಿದಳು.

ನಾಲ್ಕು ಬೆರಳು.

ಇನ್ನೊಮ್ಮೆ ಅಳೆದಳು. ನಾಲ್ಕೇ.

ಅವಳಿಗೆ ಮೊದಲು ಬಂದದ್ದು ಭಯವಲ್ಲ, ಕೋಪ. ಹುಡುಗನ ಮೇಲೆ, ಕರ್ಟ್‌ನ ಮೇಲೆ, ಸತ್ತ ಅಪ್ಪನ ಮೇಲೆ, ಶುಕ್ರವಾರ ಎರಡು ಬೆರಳನ್ನು ಬೂಟಿನ ಮೇಲೆ ಹಾಕಿ ಬಾಯಿ ಮುಚ್ಚಿದ ತನ್ನ ಮೇಲೆ. ಹೇಳಿದರೆ ಕರ್ಟ್ ಕೇಳುತ್ತಾನೆ, ಇದನ್ನು ಓದುವುದು ನಿನಗೆ ಯಾವಾಗಿಂದ ಗೊತ್ತು ಎಂದು. ಅದಕ್ಕೆ ಅವಳ ಹತ್ತಿರ ಇದ್ದದ್ದು ಒಂದೇ ಉತ್ತರ. ಆ ಉತ್ತರ ಕೇಳಿದ ಮೇಲೆ ಅವನು ಉಳಿಯುವುದಿಲ್ಲ.

ಅವಳು ಡಗೌಟಿನ ಮೆಟ್ಟಿಲಿಳಿದಳು.

ಬೆಂಚಿನ ಒಂದು ಕೊನೆಯಲ್ಲಿ ಪೆಗೇರೊ ತೋಳಿಗೆ ಟವೆಲ್ ಸುತ್ತಿಕೊಂಡು ಒಬ್ಬನೇ ಕೂತಿದ್ದ. ಉಳಿದವರೆಲ್ಲ ಇನ್ನೊಂದು ಕೊನೆಯಲ್ಲಿ ಒತ್ತರಿಸಿಕೊಂಡಿದ್ದರು. ಕರ್ಟ್ ನಡುವೆ ನಿಂತಿದ್ದ, ಹೊಸದಾಗಿ ಕ್ಷೌರ ಮಾಡಿಸಿಕೊಂಡು.

"ಅವನನ್ನ ಇವತ್ತು ಆಡಿಸ್ಬೇಡ," ಎಂದಳು ಲೊರೆಟಾ. "ತೋಳು ಕೆಟ್ಟಿದೆ."

"ಏನು?"

"ಹೆಜ್ಜೆ ನಾಲ್ಕು ಬೆರಳು ಹಿಂದೆ ಬೀಳ್ತಿದೆ. ಶುಕ್ರವಾರ ಎರಡಿತ್ತು. ಬಂದು ನೋಡು."

ಕರ್ಟ್ ಹತ್ತಿರ ಬಂದು ಹಲ್ಲು ಕಚ್ಚಿ ಮಾತಾಡಿದ. "ಹದಿನೈದು ನಿಮಿಷದಲ್ಲಿ ಆಟ. ಮೇಲೆ ಬ್ಯಾನಿಸ್ಟರ್ ಕೂತಿದಾನೆ. ನೀನು ಸಲಿಕೆ ತಗೊಂಡು ಬಂದು ನಂಗೆ ಪಿಚಿಂಗ್ ಹೇಳಿಕೊಡ್ತೀಯಾ?"

"ಪಿಚಿಂಗ್ ಅಲ್ಲ. ಮಣ್ಣು. ಅದು ನಂಗೆ ನಿಂಗಿಂತ ಚೆನ್ನಾಗಿ ಗೊತ್ತು."

"ಹುಲ್ಲು ಕತ್ತರಿಸೋಳು ನೀನು! ಹೋಗಿ ಹುಲ್ಲು ಕತ್ತರಿಸು!"

ಆ ಮಾತು ಕಪಾಳಕ್ಕೆ ಬಿದ್ದಂತಾಯಿತು. ಲೊರೆಟಾ ಅವನನ್ನು ಬಳಸಿ ನೇರ ಬೆಂಚಿನ ಕೊನೆಗೆ ಹೋಗಿ ಪೆಗೇರೊನ ಮುಂದೆ ಕುಕ್ಕರಗಾಲಿನಲ್ಲಿ ಕೂತಳು. ಯಾರೋ "ಅಯ್ಯಯ್ಯೋ" ಎಂದರು. ಕ್ಯಾಚರ್ ಎದೆಯ ಮೇಲೆ ಶಿಲುಬೆ ಬರೆದುಕೊಂಡ.

"ಮಗಾ, ಮೊಣಕೈ ಎಷ್ಟು ದಿನದಿಂದ ನೋಯ್ತಿದೆ?"

"ಇಲ್ಲ ಮಿಸ್ ಲೊರೆಟಾ," ಎಂದ ಪೆಗೇರೊ, ಅವಳು ಮುಗಿಸುವ ಮುಂಚೆಯೇ. "ಎಲ್ಲ ಚೆನ್ನಾಗಿದೆ." ಹೇಳುವಾಗ ಅವನು ನೋಡಿದ್ದು ಅವಳನ್ನಲ್ಲ, ಕರ್ಟ್‌ನನ್ನು.

"ಆಚೆ ನಡಿ!" ಕರ್ಟ್‌ನ ದನಿಗೆ ಮೊದಲ ಸಾಲಿನ ಪ್ರೇಕ್ಷಕರು ಬಗ್ಗಿ ನೋಡಿದರು. "ಎಸೆಯೋ ದಿನ ಪಿಚರ್ ಹತ್ರ ಬಾಯಿ ಬಿಡಬಾರ್ದು ಅಂತ ಗೊತ್ತಿಲ್ವಾ ನಿಂಗೆ? ಈ ಮೈದಾನದಲ್ಲೇ ಹುಟ್ಟಿದೋಳು ನೀನು!"

"ಗೊತ್ತು," ಎಂದಳು ಲೊರೆಟಾ. "ಗೊತ್ತಿದ್ದೇ ಬಂದೆ. ಆಮೇಲೆ ಯಾರೂ ಹೇಳ್ಲಿಲ್ಲ ಅಂತ ಊರೂರು ಅಲೀಬೇಡ."

ಅವಳು ಟಾರ್ಪಾಲಿನ ಸುರುಳಿಯ ಪಕ್ಕ ಹೋಗಿ ನಿಂತಳು.

ಮೊದಲ ಇನ್ನಿಂಗ್ಸಿನಲ್ಲಿ ಮೂವರು ಬ್ಯಾಟರ್‌ಗಳು ಬಂದರು, ಮೂವರೂ ಚೆಂಡು ಮುಟ್ಟದೆ ವಾಪಸಾದರು. ಮೂರು ಸಾವಿರ ಜನ ಎದ್ದು ನಿಂತು ಕೂಗಿದರು. ಮೇಲಿನ ಸಾಲಿನಲ್ಲಿ ಹುಲ್ಲುಟೋಪಿಯ ಬ್ಯಾನಿಸ್ಟರ್ ಪುಸ್ತಕದಲ್ಲಿ ಏನೋ ಬರೆದುಕೊಂಡ. ಎರಡನೆಯದರಲ್ಲೂ ಹಾಗೇ. ಲೊರೆಟಾಳಿಗೆ ತನ್ನ ಕಣ್ಣಿನ ಮೇಲೇ ಅನುಮಾನ ಬಂತು. ತಪ್ಪು ಅಳೆದೆನೆ? ತಪ್ಪಾಗಿದ್ದರೆ ಎಷ್ಟು ಚೆನ್ನ, ಎಂದುಕೊಂಡಳು.

ಆಮೇಲೆ ಅವಳು ಕರ್ಟ್‌ನನ್ನು ನೋಡಿದಳು. ಇಡೀ ಮೈದಾನ ಚೆಂಡನ್ನು ನೋಡುತ್ತಿತ್ತು. ಅವನೊಬ್ಬ ಡಗೌಟಿನ ಕಟ್ಟೆಗೆ ಗದ್ದ ಊರಿ, ಹುಡುಗನ ಮುಂಗಾಲನ್ನು ನೋಡುತ್ತಿದ್ದ.

ಮೂರನೇ ಇನ್ನಿಂಗ್ಸಿನ ನಡುವೆ ಅವನು ಕೈಯೆತ್ತಿ ಆಟ ನಿಲ್ಲಿಸಿ ದಿಬ್ಬಕ್ಕೆ ನಡೆದ. ಪೆಗೇರೊನ ಜೊತೆ ಮಾತಾಡಲಿಲ್ಲ. ಬಿಳಿ ಪಟ್ಟಿಗೆ ತನ್ನ ಹಿಮ್ಮಡಿ ಒತ್ತಿ, ಹಳೆಯ ಪಿಚರ್‌ನ ಹೆಜ್ಜೆ ಹಾಕಿ, ಗುಳಿಯಲ್ಲಿ ತನ್ನ ಬೂಟು ಇಟ್ಟ. ಹೆಜ್ಜೆ ಗಿಡ್ಡವಾಗಿತ್ತು. ಆಮೇಲೆ ಹುಡುಗನ ತೋಳಿನ ಒಳಬದಿಗೆ ಹೆಬ್ಬೆರಳು ಒತ್ತಿದ. ದೂರದಿಂದಲೂ ಪೆಗೇರೊ ಮುಖ ಕಿವಿಚಿಕೊಂಡಿದ್ದು ಲೊರೆಟಾಳಿಗೆ ಕಾಣಿಸಿತು.

ಕರ್ಟ್ ಬೇಲಿಯ ಕಡೆ ತಿರುಗಿ ಬೇರೆ ಪಿಚರ್‌ಗೆ ಸನ್ನೆ ಮಾಡಿದ.

ಮೂರು ಸಾವಿರ ಜನ ಒಂದೇ ದನಿಯಲ್ಲಿ ಛೀ ಎಂದರು. ಒಂದು ಚೆಂಡನ್ನೂ ಹೊಡೆಸಿಕೊಳ್ಳದವನನ್ನು ಯಾರಾದರೂ ತೆಗೆಯುತ್ತಾರೆಯೆ? ಕಾಗದದ ಲೋಟಗಳು ಮೈದಾನಕ್ಕೆ ಬಿದ್ದವು. ಪೆಗೇರೊ ಅಳುತ್ತ, ತನ್ನ ಭಾಷೆಯಲ್ಲಿ ಬೈಯುತ್ತ, ಚೆಂಡನ್ನು ಕರ್ಟ್‌ನ ಕಾಲಬುಡಕ್ಕೆ ಕುಕ್ಕಿ ಹೋದ. ತಂಡ ನಡೆಸುವ ಮ್ಯಾನೇಜರ್ ಡಗೌಟಿನಲ್ಲಿ ಎಲ್ಲರೆದುರು ಕರ್ಟ್‌ನ ಎದೆಗೆ ಬೆರಳು ತಿವಿದು ಕೂಗಿದ: "ತಲೆ ಕೆಟ್ಟಿದ್ಯಾ ನಿಂಗೆ? ಆ ಹೆಂಗಸಿನ ಮಾತು ಕೇಳಿ ನನ್ನ ಆಟ ಹಾಳು ಮಾಡಿದ್ಯಲ್ಲೋ!" ಐದನೇ ಇನ್ನಿಂಗ್ಸಿಗೆ ಬ್ಯಾನಿಸ್ಟರ್ ಪುಸ್ತಕ ಮಡಚಿ, ಟೋಪಿ ಸರಿಮಾಡಿಕೊಂಡು, ಕಾರಿನ ಕಡೆಗೆ ಹೋದ.

ಕರ್ಟ್ ಏನನ್ನೂ ಒಡೆಯಲಿಲ್ಲ. ಅದನ್ನು ಕಂಡು ಲೊರೆಟಾಳಿಗೆ ಇನ್ನೂ ಹೆಚ್ಚು ಹೆದರಿಕೆಯಾಯಿತು.

*

ಸೋಮವಾರ ಆಟವಿರಲಿಲ್ಲ. ಬೆಳಗ್ಗೆ ಏಳಕ್ಕೆ ಲೊರೆಟಾ ಬಂದಾಗ ಅವನು ಆಗಲೇ ದಿಬ್ಬದ ಮೇಲೆ ಕೂತಿದ್ದ. ಪಕ್ಕದಲ್ಲಿ ಅವಳ ಸಲಿಕೆ.

"ನಿನ್ನೆ ರಾತ್ರಿ ಆಸ್ಪತ್ರೆಯಲ್ಲಿ ಹುಡುಗನ ಮೊಣಕೈ ಫೋಟೋ ತೆಗೆದ್ರು," ಎಂದ. "ನಾರು ಅರ್ಧ ಸವೆದಿದೆ. ಪೂರ್ತಿ ಕಿತ್ತಿಲ್ಲ. ಇನ್ನೊಂದಿಪ್ಪತ್ತು ಎಸೆದಿದ್ರೆ ಕಿತ್ತು ಬರ್ತಿತ್ತಂತೆ. ಆರು ತಿಂಗಳು ಸುಮ್ನೆ ಕೂತ್ರೆ ವಾಸಿಯಾಗುತ್ತೆ."

"ದೇವರು ದೊಡ್ಡೋನು."

"ದೇವರ ವಿಷಯ ಬಿಡು." ಅವನು ಸಲಿಕೆಯನ್ನು ಮೊಣಕಾಲ ಮೇಲೆ ಅಡ್ಡ ಇಟ್ಟುಕೊಂಡು, ಹಿಡಿಯ ಬುಡದ ಹತ್ತಿರ ಬೆರಳಿಟ್ಟ. ಅಲ್ಲಿ ಅವನ ಹೆಸರಿನ ಎರಡು ಅಕ್ಷರ, ಒಂದು ಆಳವಾದ ಗೆರೆ. ಅದರ ಹಿಂದೆ ನಾಲ್ಕು ಬೆರಳು ಬಿಟ್ಟು ಇನ್ನೊಂದು, ತೆಳ್ಳನೆಯ ಗೆರೆ. "ಇದು ಯಾರು ಕೊರೆದದ್ದು? ನಿಮ್ಮಪ್ಪಾನಾ?"

ಸುಳ್ಳು ಹೇಳಲು ಅದು ಒಳ್ಳೆಯ ಅವಕಾಶ. ಅಪ್ಪ ಸತ್ತು ಎಂಟು ವರ್ಷವಾಗಿತ್ತು.

"ನಾನು," ಎಂದಳು ಲೊರೆಟಾ.

"ಯಾವತ್ತು?"

"ಆವತ್ತೇ. ನೀನು ತೋಳು ಬಿಸಿ ಮಾಡ್ಕೊಂಡು ಹೋದ ಮೇಲೆ. ಆಟಕ್ಕೆ ಮುಂಚೆ."

"ಗೊತ್ತಿತ್ತು ನಿಂಗೆ."

"ಗೊತ್ತಿತ್ತು."

ಕರ್ಟ್ ಎದ್ದ. ಸಲಿಕೆಯನ್ನು ಎರಡು ಕೈಯಲ್ಲಿ ಎತ್ತಿ ದಿಬ್ಬದ ನೆತ್ತಿಗೆ ಇಳಿಸಿದ. ಅಪ್ಪ ಮಗಳು ಸೇರಿ ನಲವತ್ತು ವರ್ಷ ಬಡಿದು ಕೂರಿಸಿದ ಜೇಡಿ ಹೆಂಟೆ ಹೆಂಟೆಯಾಗಿ ಎದ್ದು ಬಂತು. ಅವನು ಅಗೆದ, ಎತ್ತಿ ಎಸೆದ, ಮತ್ತೆ ಅಗೆದ. "ಹತ್ತೊಂಬತ್ತು ವರ್ಷ!" ಎಂದು ಒಂದೊಂದು ಏಟಿಗೂ ಕೂಗಿದ. "ನನ್ನ ಪಕ್ಕ ಕೂತು ಊಟ ಮಾಡಿದೆ! ಎರಡು ವರ್ಷ! ನಾನು ಹುಡುಕ್ತಿದ್ದ ಕತ್ತು ನಿಂದೇನಾ!"

ಬರಬೇಕಾದ್ದು ಬಂತು, ಅವನಿಗೆ ಹಕ್ಕಿದೆ ಎಂದು ಲೊರೆಟಾ ಮೊದಲಿಗೆ ಅಂದುಕೊಂಡಳು. ಆದರೆ ಬಿಳಿ ಪಟ್ಟಿ ಕಿತ್ತು ಉರುಳಿದಾಗ ಅವಳೊಳಗೂ ಏನೋ ಕಿತ್ತುಹೋಯಿತು.

"ಸಾಕು ನಿಲ್ಸೋ!" ಎಂದು ಕಿರುಚಿ ಸಲಿಕೆಯ ಹಿಡಿಗೆ ಕೈ ಹಾಕಿದಳು. "ನಂಗೆ ಹತ್ತೊಂಬತ್ತು ವರ್ಷ ಆವಾಗ! ಮಣ್ಣು ಹೊರ್ತಿದ್ದೆ! ತಪ್ಪು ಮಾಡ್ದೆ, ಹೌದು, ಒಂದಿನಾನೂ ಮರೆತಿಲ್ಲ. ಆದ್ರೆ ನೀನು? ಅದು ಯಾರ ತೋಳು ಕರ್ಟ್? ನನ್ನದಾ? ಮೂರು ವಾರ ಯಾರ ಮೊಣಕೈ ಉರೀತಿತ್ತು? ಯಾರು ಮಾತ್ರೆ ನುಂಗಿ ನುಂಗಿ ಡಾಕ್ಟರ ಮುಂದೆ ಹಲ್ಲು ಕಿರಿದ್ರು? ಎಲ್ಲರಿಗಿಂತ ಮೊದಲು ಗೊತ್ತಿದ್ದೋನು ನೀನು! ನಿನ್ನ ಕತ್ತು ನೀನೇ ಹಿಸುಕ್ಕೋ!"

ಇಬ್ಬರೂ ಒಂದೇ ಸಲಿಕೆಯನ್ನು ಹಿಡಿದು ಏದುಸಿರು ಬಿಡುತ್ತ ನಿಂತರು. ನದಿಯಲ್ಲಿ ಯಾವುದೋ ದೋಣಿ ಉದ್ದಕ್ಕೆ ಕೂಗಿಕೊಂಡು ಹೋಯಿತು.

ಅವನ ಕೈ ಮೊದಲು ಸಡಿಲವಾಯಿತು.

"ನೋಡಿದ್ದೆ," ಎಂದ ಕರ್ಟ್. ದನಿ ಒಡೆದಿತ್ತು.

"ಏನನ್ನ?"

"ನಿನ್ನನ್ನ. ಆವತ್ತು ತಿರುಗಿ ನೋಡಿದ್ದೆ. ನೀನು ಗುಳಿ ಹತ್ರ ಮಂಡಿಯೂರಿ ಕೂತಿದ್ದೆ. ಎದ್ದು ನನ್ನ ಮುಖ ನೋಡಿದೆ. ನೋಡಿದ ರೀತಿಯಲ್ಲೇ ಗೊತ್ತಾಯ್ತು, ಇವಳಿಗೆ ತಿಳೀತು ಅಂತ. ಎಲ್ಲಿ ಬಂದು ಬಾಯಿ ಬಿಡ್ತೀಯೋ ಅಂತ ಹೆದರಿ ನಾನೇ ಮುಖ ತಿರುಗಿಸ್ಕೊಂಡು ಒಳಗೆ ಓಡಿದೆ. ಆಮೇಲೆ ಅದನ್ನ ನೋಡೇ ಇಲ್ಲ ಅಂತ ನಂಗೆ ನಾನೇ ಸುಳ್ಳು ಹೇಳ್ಕೊಂಡು ಬಂದೆ." ಅವನು ಕಿ‌ತ್ತುಬಿದ್ದ ಬಿಳಿ ಪಟ್ಟಿಯನ್ನು ನೋಡುತ್ತಿದ್ದ. "ಆವತ್ತು ನೀನು ಹೇಳಿದ್ದಿದ್ರೆ ನಿನ್ನನ್ನ ಈ ಜನ್ಮದಲ್ಲಿ ಕ್ಷಮಿಸ್ತಿರ್ಲಿಲ್ಲ. ಹೇಳ್ಲಿಲ್ಲ ಅಂತ ಇಷ್ಟು ವರ್ಷ ಯಾರನ್ನೂ ಕ್ಷಮಿಸಿಲ್ಲ. ನನ್ನಂಥೋನ ಜೊತೆ ಯಾರು ತಾನೇ ಏಗ್ತಾರೆ, ಹೇಳು."

ಲೊರೆಟಾಳ ಕಣ್ಣಿಂದ ನೀರು ಇಳಿಯಿತು. ಅಳು ಬಂದದ್ದಕ್ಕೂ ಅವಳಿಗೆ ಸಿಟ್ಟು. ಮಣ್ಣಿನ ಕೈಯಿಂದ ಒರೆಸಿಕೊಂಡು ಕೆನ್ನೆ ತುಂಬ ಕೆಸರು ಮಾಡಿಕೊಂಡಳು.

"ಹಂಗಾದ್ರೆ ಈ ಊರಿಗೆ ಯಾಕೆ ಬಂದೆ? ಬೇರೆ ತಂಡ ಸಿಗ್ಲಿಲ್ವಾ?"

"ಸಿಕ್ಕಿತ್ತು. ಎರಡು. ಇಲ್ಲಿಗಿಂತ ಸಂಬಳ ಜಾಸ್ತಿ."

"ಮತ್ತೆ?"

"ಮತ್ತೇನು ಮತ್ತೆ! ಮೈದಾನದ ಉಸ್ತುವಾರಿ ಯಾರು ಅಂತ ಫೋನ್ ಮಾಡಿ ಕೇಳಿದೆ. ನಿನ್ನ ಹೆಸರು ಹೇಳಿದ್ರು." ಇದನ್ನೂ ಅವನು ಬೈದ ಹಾಗೇ ಹೇಳಿದ. "ಬಂದ ದಿನ ಏನು ಹೇಳ್ಬೇಕೋ ತಿಳೀಲಿಲ್ಲ. ಇಳಿಜಾರು ಸರಿಯಿಲ್ಲ ಅಂದೆ."

ಲೊರೆಟಾ ಅಳುವಿನ ನಡುವೆಯೇ ನಕ್ಕುಬಿಟ್ಟಳು. "ಸರಿಯಾಗೇ ಇತ್ತು."

"ಸರಿಯಾಗೇ ಇತ್ತು ಅಂತ ನಂಗೂ ಕಾಣ್ತಿತ್ತು."

ಅವನು ಕೈ ಚಾಚಿ ಹೆಬ್ಬೆರಳಿನಿಂದ ಅವಳ ಕೆನ್ನೆಯ ಕೆಸರನ್ನು ಒರೆಸಲು ಹೋದ. ಅವನ ಬೆರಳಲ್ಲೂ ಜೇಡಿ. ಕೆಸರು ಇನ್ನಷ್ಟು ಹರಡಿತು. ಅವಳು ಆ ಕೈಯನ್ನು ತಳ್ಳಲಿಲ್ಲ. ಮೊಣಕೈಯ ಒಳಬದಿಯಲ್ಲಿ ಹಳೆಯ ಗಾಯದ ಬಿಳಿ ಗೆರೆಯಿತ್ತು. ಎರಡು ವರ್ಷದಿಂದ ಅದನ್ನು ನೋಡದಂತೆ ನಟಿಸುತ್ತಿದ್ದಳು. ಈಗ ಬಗ್ಗಿ ಅದಕ್ಕೆ ತುಟಿ ಒತ್ತಿದಳು. ಅವನು ಬೆಚ್ಚಿದ. ಆಮೇಲೆ ಇನ್ನೊಂದು ಕೈಯನ್ನು ಅವಳ ತಲೆಯ ಮೇಲಿಟ್ಟ.

"ನಾಳೆ ಆಟ ಇದೆ," ಎಂದಳು ಲೊರೆಟಾ ಕೊನೆಗೆ. "ದಿಬ್ಬ ಇಲ್ಲ."

"ನಾನೇ ಕಟ್ತೀನಿ."

"ನೀನು ಕಟ್ಟಿದ್ರೆ ಹಂದಿ ಹೊರಳಾಡಿದ ಹಂಗಿರುತ್ತೆ. ನೀರು ಹಿಡ್ಕೊಂಡು ಬಾ. ಹೇಳಿದಷ್ಟು ಮಾಡು."

ಮಧ್ಯಾಹ್ನದವರೆಗೆ ಇಬ್ಬರೂ ಜೇಡಿ ಕಲಸಿದರು, ಹದ ನೋಡಿದರು, ಪದರ ಪದರವಾಗಿ ಹಾಕಿ ಬಡಿದರು. ದಿಮ್ಮಸು ಹಿಡಿಯುವ ರೀತಿಯ ಮೇಲೆ ಒಂದು ಜಗಳ, ನೀರು ಹೆಚ್ಚಾಯಿತೆಂದು ಇನ್ನೊಂದು. ಮೂರನೇ ಜಗಳದ ನಡುವೆ ಕರ್ಟ್ ದಿಮ್ಮಸು ಕೆಳಗಿಟ್ಟ.

"ನಿನ್ನನ್ನ ಬರ್ತೀಯಾ ಅಂತ ಕೇಳಿದ್ದೆ. ಈಗ ಹೋಗೋಕೆ ಜಾಗಾನೇ ಇಲ್ಲ. ಬ್ಯಾನಿಸ್ಟರ್ ನನ್ನ ಫೋನೇ ತಗೊಳ್ತಿಲ್ಲ."

"ಹಂಗಾದ್ರೆ ನಾನು ಕೇಳ್ತೀನಿ," ಎಂದಳು ಲೊರೆಟಾ. "ಇಲ್ಲೇ ಇರ್ತೀಯಾ?"

"ಇಲ್ಲಿ ಸಂಬಳ ಕಮ್ಮಿ. ಮ್ಯಾನೇಜರ್ ಕತ್ತೆ. ಕಾಫಿ ಕೆಟ್ಟದ್ದು."

"ಇರ್ತೀಯೋ ಇಲ್ವೋ?"

"ಇರ್ತೀನಿ ಕಣೇ! ಅದಕ್ಕೆ ಕೂಗ್ಬೇಕಾ?"

ಮೇಲಿನ ತಂಡದವರು ಸೆಪ್ಟೆಂಬರಿನಲ್ಲಿ ಬೇರೆಯವನನ್ನು ಕೋಚ್ ಮಾಡಿಕೊಂಡರು. ಕರ್ಟ್‌ನನ್ನು ಮತ್ತೆಂದೂ ಕರೆಯಲಿಲ್ಲ. ಪೆಗೇರೊ ಮುಂದಿನ ಜೂನಿನಲ್ಲಿ ಬೇರೊಂದು ಊರಿನ ತಂಡಕ್ಕೆ ಎಸೆಯತೊಡಗಿದ. ಚೆಂಡಿನ ವೇಗ ಮೊದಲಿನಷ್ಟೇ ಇತ್ತು. ಅವನು ಇವರಿಬ್ಬರಿಗೆ ಒಂದು ಕಾಗದವನ್ನೂ ಬರೆಯಲಿಲ್ಲ, ಎದುರು ತಂಡದವನಾಗಿ ಇದೇ ಮೈದಾನಕ್ಕೆ ಬಂದಾಗಲೂ ಮುಖ ಕೊಟ್ಟು ಮಾತಾಡಲಿಲ್ಲ. ಕರ್ಟ್ ಮತ್ತು ಲೊರೆಟಾ ಅಕ್ಟೋಬರಿನ ಒಂದು ಗುರುವಾರ ಕೌಂಟಿ ಕಚೇರಿಯಲ್ಲಿ ಮದುವೆಯಾದರು.

ಕರ್ಟ್ ಹಡೆಕ್ ದೊಡ್ಡ ಲೀಗನ್ನು ಎರಡನೇ ಸಲ ಕಳೆದುಕೊಂಡ, ಈ ಸಲ ತಾನೇ ಕೈಯೆತ್ತಿ. ಒಬ್ಬ ಹುಡುಗನ ತೋಳು ಉಳಿಯಿತು. ಲೊರೆಟಾಳಿಗೆ ಗಂಡ ಸಿಕ್ಕಿದ.